ನಾದಕ್ಕೊಂದು ವಿಶ್ವವಿದ್ಯಾನಿಲಯ

ನನ್ನ ಕಿವಿಗಳ ವಿಷಯದಲ್ಲಿ ನನಗೆ ಯಾವ ಸಂದೇಹವೂ ಇರಲಿಲ್ಲ. ಸಂದೇಹವಿದ್ದುದೆಲ್ಲ ಇತರರ ಬಾಯಿಯ ವಿಷಯದಲ್ಲಿ. ಈಚಿನವರು ಸ್ಪಷ್ಟವಾಗಿ ಮಾತನಾಡುವುದನ್ನು ಮರೆತಿದ್ದಾರೆ, ಪದಗಳನ್ನು ಅರ್ಧ ನುಂಗಿ ಅರ್ಧ ಹೊರಗೆ ಬಿಡುತ್ತಾರೆ ಎಂದು ಎರಡು ವರ್ಷಗಳಿಂದ ಮನೆಯವರೊಡನೆ ವಾದಿಸುತ್ತಿದ್ದೆ. ಮೂವತ್ತೈದು ವರ್ಷ ಕನ್ನಡ ಪಾಠ ಹೇಳಿದವನಿಗೆ ಇಷ್ಟು ಮಾತಿನ ಅಧಿಕಾರವಾದರೂ ಇರಬೇಡವೇ? ಕಡೆಗೆ ಒಂದು ದಿನ ಸೊಸೆ ಅಡಿಗೆಮನೆಯಿಂದ ಬಂದು, "ಮಾವ, ಕುಕ್ಕರ್ ಆರು ಸಲ ಕೂಗಿತು. ನೀವು ಪಕ್ಕದಲ್ಲೇ ಕೂತು ಪೇಪರ್ ಓದ್ತಿದ್ದೀರಿ" ಎಂದಳು. ಕುಕ್ಕರಿಗೂ ಉಚ್ಚಾರಣದೋಷವಿದೆಯೆಂದು ವಾದಿಸುವುದು ನನ್ನಿಂದಾಗಲಿಲ್ಲ. ಮರುದಿನ ವೈದ್ಯರಲ್ಲಿಗೆ ಹೋದೆ.

ವೈದ್ಯರು ನನ್ನನ್ನು ಗಾಳಿಯೂ ನುಸುಳದಂಥ ಒಂದು ಕಿರುಕೋಣೆಯಲ್ಲಿ ಕೂರಿಸಿ, ಕಿವಿಗೆ ಯಂತ್ರ ತೊಡಿಸಿ, ದನಿ ಕೇಳಿಸಿದಾಗಲೆಲ್ಲ ಗುಂಡಿಯೊತ್ತಬೇಕೆಂದರು. ಅರ್ಧ ಗಂಟೆಯ ಮೇಲೆ ಒಂದು ನಕ್ಷೆಯನ್ನು ಮುಂದಿಟ್ಟರು. ಎಡಗಡೆ ಬಯಲಿನಂತೆ ಸಮವಾಗಿ ಹೊರಟ ಗೆರೆ ಬಲಗಡೆಗೆ ಹೋದಂತೆ ಬೆಟ್ಟದ ಇಳಿಜಾರಿನಂತೆ ಕೆಳಗಿಳಿದಿತ್ತು. ಮನುಷ್ಯನ ಕಿವಿ ಸೆಕೆಂಡಿಗೆ ಸುಮಾರು ೨೦ ಕಂಪನಗಳಿಂದ ೨೦,೦೦೦ ಕಂಪನಗಳವರೆಗಿನ ನಾದವನ್ನು ಗ್ರಹಿಸಬಲ್ಲುದಂತೆ. ವಯಸ್ಸಾದಂತೆ ಮೊದಲು ಕಳಚಿಕೊಳ್ಳುವುವು ಮೇಲಿನ ದನಿಗಳು. ಅ, ಆ, ಉ, ಊ ಮುಂತಾದ ಸ್ವರಗಳ ಶಕ್ತಿ ಬಹುಮಟ್ಟಿಗೆ ಕೆಳಗಣ ಕಂಪನಗಳಲ್ಲಿರುತ್ತದೆ; ಸ, ಶ ಮೊದಲಾದುವುಗಳದು ಮೇಲೆ. ಆದುದರಿಂದ ಮಾತು ನಡೆಯುತ್ತಿದೆಯೆಂಬುದು ತಿಳಿಯುತ್ತದೆ, ಏನು ಮಾತೆಂಬುದು ತಿಳಿಯುವುದಿಲ್ಲ. "ಸ್ವರ ಉಳಿದಿದೆ ಮೇಷ್ಟ್ರೇ, ವ್ಯಂಜನ ಹೋಗ್ತಾ ಇದೆ" ಎಂದರು ವೈದ್ಯರು. ವ್ಯಾಕರಣದ ಮಾತಿನಲ್ಲಿಯೇ ರೋಗವನ್ನು ತಿಳಿಸಿದ್ದಕ್ಕಾಗಿ ಅವರಿಗೆ ವಂದಿಸಿ, ಶ್ರವಣಯಂತ್ರದ ವಿಷಯ ಯೋಚಿಸುವೆನೆಂದು ಹೇಳಿ ಹೊರಬಿದ್ದೆ.

ದಾರಿಯಲ್ಲಿ ಒಂದು ಪ್ರಶ್ನೆ ಹುಟ್ಟಿತು. ಕಣ್ಣಿಗಾಗಿ ನಾವು ಚಿತ್ರಶಾಲೆಗಳನ್ನು ಕಟ್ಟಿದ್ದೇವೆ. ಬರಹಕ್ಕಾಗಿ ಗ್ರಂಥಾಲಯಗಳನ್ನು ಕಟ್ಟಿದ್ದೇವೆ. ಧ್ವನಿಗೆ ಏನಿದೆ? ಅದರ ಅಭ್ಯಾಸ ನಡೆಯುತ್ತಿಲ್ಲವೆಂದಲ್ಲ. ಕಂಪನವು ಭೌತಶಾಸ್ತ್ರದವರ ಪಾಲಾಗಿದೆ, ಉಚ್ಚಾರಣೆ ವೈಯಾಕರಣರ ಪಾಲು, ಮೃದಂಗ ಸಂಗೀತಗಾರರದು, ಕಿವಿ ವೈದ್ಯರದು, ಮಾರ್ದನಿ ಕಟ್ಟಡ ಕಟ್ಟುವವರದು. ಈ ಐವರು ದಾಯಾದಿಗಳು ಒಂದೇ ಜಗುಲಿಯಲ್ಲಿ ಕುಳಿತು ಮಾತನಾಡಿದ್ದು ಅಪರೂಪ. ಮನೆ ಸೇರುವುದರೊಳಗಾಗಿ ಇವರೆಲ್ಲರನ್ನೂ ಒಂದೇ ಸೂರಿನಡಿ ಸೇರಿಸುವ ಒಂದು ವಿಶ್ವವಿದ್ಯಾನಿಲಯವನ್ನು ನಾನು ಸ್ಥಾಪಿಸಿಬಿಟ್ಟಿದ್ದೆ. ಸರಕಾರದ ಮಂಜೂರಾತಿಯಾಗಲಿ ಬೊಕ್ಕಸದ ಹಣವಾಗಲಿ ಬೇಕಿಲ್ಲದ ಕಾರಣ ಅದು ಬಹು ಬೇಗ ಬೆಳೆಯಿತು.

ಇಂಥ ಹಗಲುಗನಸು ಕಂಡವರಲ್ಲಿ ನಾನು ಮೊದಲಿಗನಲ್ಲ. ಇಂಗ್ಲೆಂಡಿನ ಫ್ರಾನ್ಸಿಸ್ ಬೇಕನ್ ಸುಮಾರು ನಾನೂರು ವರ್ಷಗಳ ಹಿಂದೆಯೇ ಇದನ್ನು ಕಂಡಿದ್ದನು. ಅವನು ತೀರಿಕೊಂಡುದು ೧೬೨೬ರಲ್ಲಿ. ಅನಂತರ ಅಚ್ಚಾದ ಅವನ 'ನ್ಯೂ ಅಟ್ಲಾಂಟಿಸ್' ಎಂಬ ಅಪೂರ್ಣ ಕಥೆಯಲ್ಲಿ ದಾರಿ ತಪ್ಪಿದ ನಾವಿಕರು ಬೆನ್ಸಾಲೆಮ್ ಎಂಬ ದ್ವೀಪವನ್ನು ಸೇರುತ್ತಾರೆ. ಅಲ್ಲಿ ಸಾಲೊಮನನ ಮನೆಯೆಂಬ ಒಂದು ವಿದ್ವತ್ಸಂಸ್ಥೆ, ಅದರೊಳಗೆ ಧ್ವನಿಗೃಹಗಳು. ಆ ಗೃಹಗಳಲ್ಲಿ ಎಲ್ಲ ಬಗೆಯ ದನಿಗಳನ್ನೂ ಅವುಗಳ ಹುಟ್ಟನ್ನೂ ಪರೀಕ್ಷಿಸುತ್ತಾರೆ. ಯೂರೋಪಿನವರು ಅರಿಯದ ಸೂಕ್ಷ್ಮ ಸ್ವರಾಂತರಗಳನ್ನು ನುಡಿಸುತ್ತಾರೆ. ಸಣ್ಣ ದನಿಯನ್ನು ದೊಡ್ಡದಾಗಿಸುತ್ತಾರೆ. ಮೃಗಪಕ್ಷಿಗಳ ಕೂಗನ್ನು ಅನುಕರಿಸುತ್ತಾರೆ. ಕೊಳವೆಗಳ ಮೂಲಕ ದೂರದೂರಕ್ಕೆ ದನಿಯನ್ನು ಸಾಗಿಸುತ್ತಾರೆ. ಕಿವಿಗೆ ಇಟ್ಟುಕೊಂಡರೆ ಶ್ರವಣಶಕ್ತಿಯನ್ನು ಹೆಚ್ಚಿಸುವ ಸಾಧನಗಳೂ ಅವರಲ್ಲಿವೆ. ಲಂಡನ್ನಿನಲ್ಲಿ ಬಿ.ಬಿ.ಸಿ.ಯವರು ೧೯೫೮ರಲ್ಲಿ ಕೃತಕ ಧ್ವನಿಗಳ ಕಾರ್ಯಾಗಾರವೊಂದನ್ನು ತೆರೆದಾಗ, ಅದನ್ನು ಕಟ್ಟಿದವರಲ್ಲೊಬ್ಬರಾದ ಡ್ಯಾಫ್ನಿ ಓರಮ್ ಎಂಬ ಮಹಿಳೆ ಬೇಕನ್ನನ ಈ ಭಾಗವನ್ನು ಅಲ್ಲಿಯ ಗೋಡೆಗೆ ಹಾಕಿಸಿದ್ದರು. ಅವನ ಕನಸಿನಲ್ಲಿ ನನಸಾಗದೆ ಉಳಿದುದು ಈಗ ಬಹಳವೇನಿಲ್ಲ. ನನ್ನ ವೈದ್ಯರು ಕೊಳ್ಳಬೇಕೆಂದು ಹೇಳಿದ ಯಂತ್ರವೂ ಆ ಪಟ್ಟಿಯಲ್ಲಿತ್ತು!

ಇನ್ನು ನನ್ನ ವಿದ್ಯಾನಿಲಯಕ್ಕೆ ಸ್ಥಳ. ಆ ವಿಷಯದಲ್ಲಿ ನನಗೆ ಒಂದು ಕ್ಷಣವೂ ಅನುಮಾನವುಂಟಾಗಲಿಲ್ಲ: ವಿಜಯಪುರ. ಅಲ್ಲಿಯ ಗೋಲಗುಮ್ಮಟದ ನಿರ್ಮಾಣ ಮುಗಿದುದು ೧೬೫೬ರ ಸುಮಾರಿನಲ್ಲಿ. ಮಹಮ್ಮದ್ ಆದಿಲ್ ಶಹನ ಗೋರಿಗಾಗಿ ಎತ್ತಿದ ಆ ಗುಮ್ಮಟದ ಒಳವ್ಯಾಸ ಸುಮಾರು ೩೮ ಮೀಟರು; ನಡುವೆ ಒಂದು ಕಂಬವೂ ಇಲ್ಲ. ಒಳಸುತ್ತಿನ ಮೊಗಸಾಲೆಯಲ್ಲಿ ನಿಂತು ಒಮ್ಮೆ ಚಪ್ಪಾಳೆ ತಟ್ಟಿದರೆ ಅದು ಹಲವು ಬಾರಿ ಮರಳಿ ಬರುತ್ತದೆ. ಗೋಡೆಗೆ ಬಾಯಿಟ್ಟು ಪಿಸುಗುಟ್ಟಿದರೆ ಎದುರುಗಡೆ ಗೋಡೆಗೆ ಕಿವಿಯಿಟ್ಟವನಿಗೆ ಕೇಳಿಸುತ್ತದೆ. ದನಿಯು ನಡುವಣ ಬಯಲನ್ನು ಹಾಯದೆ ಬಾಗಿದ ಗೋಡೆಯನ್ನು ಹತ್ತಿಕೊಂಡು ಹರಿಯುವುದೇ ಇಂಥ ಪಿಸುಮಾತಿನ ಮೊಗಸಾಲೆಗಳ ಗುಟ್ಟೆಂದು ಇಂಗ್ಲೆಂಡಿನ ವಿಜ್ಞಾನಿ ಲಾರ್ಡ್ ರ್‍ಯಾಲಿ ವಿವರಿಸಿದರು. ನಮ್ಮ ಸಿ. ವಿ. ರಾಮನ್ನರು ೧೯೨೧ರಲ್ಲಿ ಲಂಡನ್ನಿಗೆ ಹೋದಾಗ ಸಂತ ಪಾಲರ ದೇವಾಲಯದ ಮೊಗಸಾಲೆಯನ್ನು ಹೊಕ್ಕು ಇದೇ ವಿಷಯವಾಗಿ ಪ್ರಯೋಗ ನಡೆಸಿದರು.

ಬಹಳ ವರ್ಷಗಳ ಹಿಂದೆ ನಾನು ವಿದ್ಯಾರ್ಥಿಗಳನ್ನು ಗೋಲಗುಮ್ಮಟಕ್ಕೆ ಪ್ರವಾಸ ಕರೆದೊಯ್ದಿದ್ದೆ. ಮೇಲೆ ಹತ್ತಿದೊಡನೆ ಹುಡುಗರು ಎಲ್ಲರೂ ಮಾಡುವುದನ್ನೇ ಮಾಡಿದರು: ಕಿರಿಚಿದರು. ಕಾವಲುಗಾರನು ಗದರಿ ಸುಮ್ಮನಾಗಿಸಿದ ಮೇಲೆ ಗುಮ್ಮಟದೊಳಗಿನ ಸದ್ದು ನಿಧಾನವಾಗಿ ತಿಳಿಯಾಯಿತು. ಆಗ ನಾನು ಕಿವಿಯಿಟ್ಟ ಗೋಡೆಯಿಂದ, "ಸಾರ್, ನಾನು ಇಲ್ಲಿದ್ದೀನಿ ಸಾರ್" ಎಂಬ ಮಾತು ಕೇಳಿಸಿತು. ತಿರುಗಿ ನೋಡಿದರೆ ಎದುರು ಬದಿಯಲ್ಲಿ, ಉಗ್ಗು ಮಾತಿನ ಕಾರಣದಿಂದ ತರಗತಿಯಲ್ಲಿ ಹಾಜರಿ ಹೇಳುವುದಕ್ಕೂ ಅಂಜುತ್ತಿದ್ದ ಹುಡುಗ. ಆ ವಾಕ್ಯದಲ್ಲಿ ಉಗ್ಗಿರಲಿಲ್ಲ. ಪಿಸುದನಿಯಲ್ಲಿ ಆಡುವಾಗ ಉಗ್ಗು ಅನೇಕರಲ್ಲಿ ಕಡಿಮೆಯಾಗುವುದೆಂಬುದನ್ನು ನಾನು ತಿಳಿದುಕೊಂಡುದು ಎಷ್ಟೋ ವರ್ಷಗಳ ತರುವಾಯ. ಅಷ್ಟು ಹೊತ್ತಿಗೆ ಅವನು ನನ್ನ ತರಗತಿಯನ್ನು ದಾಟಿ ಹೋಗಿದ್ದ. ಅವನ ಹಾಜರಿಯನ್ನು ಮೂರು ವರ್ಷ ಕೂಗಿದ ನಾನು ಅವನ ಮಾತನ್ನು ಕೇಳಿದುದು ಅದೊಂದು ದಿನ.

ನನ್ನ ವಿದ್ಯಾನಿಲಯದ ಭೌತವಿಭಾಗದಲ್ಲಿ ಮೊದಲ ಪೀಠ ಮೃದಂಗ ಮಾಡುವವನಿಗೆ ಮೀಸಲು. ಚರ್ಮವನ್ನು ಬಿಗಿದು ಬಡಿದರೆ ಹುಟ್ಟುವ ಉಪಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ. ಆದ ಕಾರಣ ಸಾಮಾನ್ಯ ಚರ್ಮವಾದ್ಯದಿಂದ ಸದ್ದು ಬರುತ್ತದೆಯೇ ಹೊರತು ತಂತಿಯಿಂದ ಬರುವಂಥ ಶ್ರುತಿ ಬರುವುದಿಲ್ಲ. ಆದರೆ ಮೃದಂಗದ ಬಲಮುಖದ ನಡುವೆ ಪದರ ಪದರವಾಗಿ ಅರೆದು ಕೂರಿಸಿದ ಕಪ್ಪು ಕರಣೆಯ ಭಾರದಿಂದ ಆ ಉಪಸ್ವರಗಳು ಸರಿಯಾದ ಅನುಪಾತಕ್ಕೆ ಬರುತ್ತವೆಂದು ರಾಮನ್ನರು ಸಹೋದ್ಯೋಗಿಯೊಬ್ಬರೊಡನೆ ೧೯೨೦ರಲ್ಲಿ ತೋರಿಸಿಕೊಟ್ಟರು. ಸಮೀಕರಣವನ್ನೇ ಕಾಣದ ಕೈಗಳು ಆ ಕೆಲಸವನ್ನು ತಲೆಮಾರುಗಳಿಂದ ಮಾಡುತ್ತ ಬಂದಿದ್ದವು. ಒಂದು ಪದರ ಹಚ್ಚುವುದು, ಒಣಗಿಸುವುದು, ಉಜ್ಜುವುದು, ತಟ್ಟಿ ಕೇಳುವುದು, ಮತ್ತೆ ಒಂದು ಪದರ. ಅವರಿಗೆ ಪ್ರಯೋಗಶಾಲೆ ಕಿವಿಯೇ. ಅಂಥವನನ್ನು ಪೀಠದಲ್ಲಿ ಕೂರಿಸದೆ ಭೌತವಿಭಾಗ ತೆರೆಯುವುದು ನನಗೆ ಒಪ್ಪಿಗೆಯಿಲ್ಲ.

ಅದರ ಪಕ್ಕದಲ್ಲಿ ಕಟ್ಟಡಗಳ ವಿಭಾಗ. ಅಮೆರಿಕದ ಹಾರ್ವರ್ಡಿನಲ್ಲಿ ೧೮೯೫ರಲ್ಲಿ ಒಂದು ಹೊಸ ಉಪನ್ಯಾಸಮಂದಿರ ನೋಡುವುದಕ್ಕೆ ಸೊಗಸಾಗಿದ್ದೂ ಕೇಳುವುದಕ್ಕೆ ಯೋಗ್ಯವಾಗಿರಲಿಲ್ಲ. ಆಡಿದ ಮಾತು ಐದು ಸೆಕೆಂಡಿಗೂ ಮೀರಿ ಗುಂಯ್‌ಗುಡುತ್ತಿದ್ದು ಮುಂದಿನ ಮಾತಿನ ಮೇಲೆ ಬೀಳುತ್ತಿತ್ತು. ದೋಷವನ್ನು ಕಂಡುಹಿಡಿಯಲು ವ್ಯಾಲೇಸ್ ಸೇಬಿನ್ ಎಂಬ ತರುಣ ಅಧ್ಯಾಪಕನನ್ನು ನೇಮಿಸಿದರು. ಆತ ಇರುಳು ಊರು ಮಲಗಿದ ಮೇಲೆ ಪಕ್ಕದ ರಂಗಮಂದಿರದ ಮೆತ್ತೆಗಳನ್ನು ಹೊತ್ತು ತಂದು ಹಾಸಿ, ಒಂದೊಂದು ಬಾರಿಯೂ ಸದ್ದು ಎಷ್ಟು ಹೊತ್ತಿಗೆ ಅಡಗುವುದೆಂದು ಅಳೆದನು. ಕಟ್ಟಡದ ಗಾತ್ರಕ್ಕೂ ದನಿಯನ್ನು ಹೀರುವ ವಸ್ತುಗಳಿಗೂ ಮಾರ್ದನಿಗೂ ಇರುವ ಸಂಬಂಧ ಆ ಮೆತ್ತೆಗಳಿಂದ ಹೊರಟಿತು. ಅದನ್ನು ಅನುಸರಿಸಿ ಬಾಸ್ಟನ್ನಿನ ಪ್ರಸಿದ್ಧ ಸಂಗೀತಮಂದಿರ ೧೯೦೦ರಲ್ಲಿ ಎದ್ದಿತು. ನಾನಾದರೋ ಮೂವತ್ತೈದು ವರ್ಷಗಳಲ್ಲಿ ಹನ್ನೆರಡು ವರ್ಷ ತಗಡಿನ ಮಾಡಿನ ಕೊಠಡಿಯಲ್ಲಿ ಪಾಠ ಹೇಳಿದವನು. ಆಷಾಢದ ಮಳೆ ಹೊಡೆದರೆ ಪಂಪನೂ ಇಲ್ಲ, ರನ್ನನೂ ಇಲ್ಲ. ಹುಡುಗರೂ ನಾನೂ ಪರಸ್ಪರ ಮುಖ ನೋಡುತ್ತ ಕುಳಿತಿರುತ್ತಿದ್ದೆವು. ಕಡೆಯ ಬೆಂಚಿನವರು ದಡ್ಡರೆಂದು ಉಪಾಧ್ಯಾಯರಲ್ಲಿ ಒಂದು ನಂಬಿಕೆಯಿದೆ. ಅವರಲ್ಲಿ ಎಷ್ಟು ಮಂದಿಗೆ ನನ್ನ ಮಾತು ಕೇಳಿಸುತ್ತಲೇ ಇರಲಿಲ್ಲವೋ ಎಂದು ಈಗ, ನನಗೇ ಕೇಳಿಸದಿರುವಾಗ, ಚಿಂತೆಯಾಗುತ್ತದೆ.

ಕನ್ನಡ ವಿಭಾಗಕ್ಕೆ ಕೇಶಿರಾಜನಲ್ಲದೆ ಬೇರೆ ಅಧ್ಯಕ್ಷನಿಲ್ಲ. ಸುಮಾರು ೧೨೬೦ರಲ್ಲಿ 'ಶಬ್ದಮಣಿದರ್ಪಣ'ವನ್ನು ರಚಿಸಿದ ಆತನು ಶಬ್ದದ ಹುಟ್ಟನ್ನು ಹೇಳುವ ಬಗೆ ಸ್ವಾರಸ್ಯವಾಗಿದೆ. ಜೀವನ ಇಚ್ಛೆಯಿಂದ, ಅನುಕೂಲವಾದ ಗಾಳಿಯಿಂದ, ನಾಭಿಯ ಬುಡದಲ್ಲಿ ಕಹಳೆಯ ಆಕಾರದಲ್ಲಿ ಶಬ್ದದ್ರವ್ಯ ಹುಟ್ಟುತ್ತದೆ. ಅದರ ಬಣ್ಣ ಬಿಳುಪು. ಶಬ್ದವು ದ್ರವ್ಯವೆಂಬುದು ಜೈನದರ್ಶನದ ಮತ. ತರಗತಿಯಲ್ಲಿ ಈ ಸೂತ್ರಕ್ಕೆ ಬಂದಾಗಲೆಲ್ಲ ಹುಡುಗರು ನಗುತ್ತಿದ್ದರು. ಅವರೊಡನೆ ನಾನೂ ನಗುತ್ತಿದ್ದೆ. ಈಗ ನಗು ಬರುವುದಿಲ್ಲ. ಇಚ್ಛೆ, ಗಾಳಿ, ಅದು ಹಾಯುವ ಕೊಳವೆ ಎಂಬ ಮೂರನ್ನೂ ಕ್ರಮವಾಗಿ ಹೇಳಿದವನು ಬಾಯಿಯನ್ನೂ ಎದೆಯನ್ನೂ ಎಷ್ಟು ಗಮನಿಸಿದ್ದಿರಬೇಕು!

ಅದೇ ಗ್ರಂಥದಲ್ಲಿ ಕೇಶಿರಾಜನು ೞಕಾರವುಳ್ಳ ಮಾತುಗಳನ್ನು ಪಟ್ಟಿಮಾಡಿ ಕೊಡುತ್ತಾನೆ. ಪಟ್ಟಿಯೇ ಒಂದು ಸಂಕಟದ ಗುರುತು. ಜನರ ನಾಲಗೆಯ ಮೇಲೆ ನಿಚ್ಚಳವಾಗಿ ಇರುವುದಕ್ಕೆ ಯಾರೂ ಪಟ್ಟಿ ಮಾಡುವುದಿಲ್ಲ. ಅಷ್ಟು ಹೊತ್ತಿಗಾಗಲೇ ೞಕಾರವು ಳಕಾರದಲ್ಲಿ ಕರಗುತ್ತಿತ್ತು. ಇಂದು ನಾವು 'ಹೇಳು, ಕೇಳು' ಎಂದು ಪ್ರಾಸಬದ್ಧವಾಗಿ ಅನ್ನುತ್ತೇವಷ್ಟೆ. ಹಳಗನ್ನಡದಲ್ಲಿ ಅವು ಪ್ರಾಸಕ್ಕೆ ಒದಗುವ ಜೋಡಿಯಲ್ಲ: ಒಂದು 'ಪೇೞ್', ಇನ್ನೊಂದು 'ಕೇಳ್'. ನಮ್ಮ ಹೇಳುವುದರಲ್ಲಿದ್ದ ಒಂದು ಧ್ವನಿ ಅಳಿದುಹೋಯಿತು. ಕೇಳುವುದರ ಧ್ವನಿ ಉಳಿಯಿತು. ಬಾಳೆಯೂ ಒಮ್ಮೆ 'ಬಾೞೆ'ಯಾಗಿತ್ತು. ನಾನು ವರ್ಷಾನುಗಟ್ಟಳೆ ಕಪ್ಪುಹಲಗೆಯ ಮೇಲೆ ೞ ಎಂದು ಬರೆದು, ಬಾಯಲ್ಲಿ ಳ ಎಂದು ಓದಿ, ವ್ಯತ್ಯಾಸವನ್ನು ಉರುಹಾಕಿಸಿದೆ. ಒಂದು ಬೆಳಗ್ಗೆ ನಮ್ಮ ಬೀದಿಯಲ್ಲಿ ತಮಿಳುನಾಡಿನ ಮುದುಕಿಯೊಬ್ಬಳು ತನ್ನ ಭಾಷೆಯಲ್ಲಿ ಬಾಳೆಹಣ್ಣು ಕೂಗಿಕೊಂಡು ಬಂದಳು. ನಾಲಗೆಯನ್ನು ಹಿಂದಕ್ಕೆ ಮಡಿಚಿಯೂ ಎಲ್ಲಿಯೂ ತಾಗಿಸದೆ ಆಕೆ ಹೊರಡಿಸಿದ ದನಿಯನ್ನು ಕೇಳಿ ಬಾಗಿಲಲ್ಲೇ ನಿಂತೆ. ತಮಿಳಿನಲ್ಲಿಯೂ ಮಲಯಾಳದಲ್ಲಿಯೂ ಆ ಧ್ವನಿ ಈಗಲೂ ಬದುಕಿದೆ. ನಾನು ಪುಸ್ತಕದಲ್ಲಿ ಹುಡುಕುತ್ತಿದ್ದುದು ತಲೆಯ ಮೇಲೆ ಬುಟ್ಟಿ ಹೊತ್ತು ಬೀದಿಯಲ್ಲಿ ಹೋಗುತ್ತಿತ್ತು. ಅಕ್ಷರವನ್ನು ಕಾಪಾಡಿದರೆ ಧ್ವನಿಯನ್ನೂ ಕಾಪಾಡಿದಂತೆಯೇ ಎಂಬುದು ನನ್ನ ವೃತ್ತಿಯವರೆಲ್ಲರ ಭ್ರಮೆ. ಆ ಭ್ರಮೆಗೆ ನಾನು ತೆತ್ತ ಬೆಲೆಯನ್ನು ಮುಂದೆ ಹೇಳುತ್ತೇನೆ.

ಕನಸು ಕಾಣುತ್ತ ನೆಲವನ್ನು ಮರೆಯಬಾರದು. ನನ್ನ ವಿದ್ಯಾನಿಲಯದ ಕೆಲವು ಕೋಣೆಗಳು ಈ ನಾಡಿನಲ್ಲಿಯೇ ನಿಜವಾಗಿ ಎದ್ದಿವೆ. ಮೈಸೂರಿನ ಮಾನಸಗಂಗೋತ್ರಿಯಲ್ಲಿ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ೧೯೬೦ರ ದಶಕದಿಂದ ಕೇಳದವರಿಗೂ ಆಡಲಾರದವರಿಗೂ ನೆರವಾಗುತ್ತ, ಅಂಥ ನೆರವು ನೀಡುವವರನ್ನು ತಯಾರುಮಾಡುತ್ತ ಬಂದಿದೆ. ಅದೇ ಮೈಸೂರಿನಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಎಂ. ವಿ. ಗೋಪಾಲಸ್ವಾಮಿಯವರು ೧೯೩೫ರಲ್ಲಿ ತಮ್ಮ ಮನೆಯಲ್ಲಿಯೇ ಒಂದು ಬಾನುಲಿ ಕೇಂದ್ರವನ್ನು ಆರಂಭಿಸಿದರು. ಅದಕ್ಕಿಟ್ಟ 'ಆಕಾಶವಾಣಿ' ಎಂಬ ಹೆಸರು ಮುಂದೆ ದೇಶದ ಬಾನುಲಿಗೇ ಹೆಸರಾಯಿತು.

ನನ್ನ ವಿದ್ಯಾನಿಲಯದ ಹೃದಯವೆಂದರೆ ಧ್ವನಿಭಂಡಾರ. ಎಡಿಸನ್ನನು ೧೮೭೭ರಲ್ಲಿ ದನಿಯನ್ನು ಹಿಡಿದಿಟ್ಟು ಮರಳಿ ನುಡಿಸುವ ಯಂತ್ರವನ್ನು ಕಂಡುಹಿಡಿದನು. ಅದಕ್ಕೆ ಮುಂಚಿನ ಮನುಷ್ಯರೆಲ್ಲರೂ, ಕಾಳಿದಾಸನಾಗಲಿ ಬಸವಣ್ಣನಾಗಲಿ ಪುರಂದರದಾಸರಾಗಲಿ, ನಮ್ಮ ಪಾಲಿಗೆ ಮೂಕರು. ಅನಂತರ ವಿಯೆನ್ನಾದವರು ೧೮೯೯ರಲ್ಲಿಯೇ ಲೋಕದ ಮೊದಲ ಧ್ವನಿಭಂಡಾರವನ್ನು ತೆರೆದರು. ಕಲ್ಕತ್ತೆಯಲ್ಲಿ ೧೯೦೨ರಲ್ಲಿ ಗೌಹರ್ ಜಾನ್ ಹಾಡಿ, ಹಾಡಿನ ಕೊನೆಗೆ ತಮ್ಮ ಹೆಸರನ್ನು ಇಂಗ್ಲಿಷಿನಲ್ಲಿ ಕೂಗಿ ಹೇಳಿದರು. ಅವರು ಕಡೆಗಾಲದಲ್ಲಿ ಮೈಸೂರಿನ ಅರಮನೆಯ ಆಶ್ರಯಕ್ಕೆ ಬಂದು ೧೯೩೦ರಲ್ಲಿ ಅಲ್ಲಿಯೇ ತೀರಿಕೊಂಡರು. ಆ ಕೂಗು ಈಗಲೂ ಕೇಳಿಸುತ್ತದೆ. ಅಂಡಮಾನಿನಲ್ಲಿ ಬೋ ಎಂಬ ಭಾಷೆಯನ್ನಾಡುತ್ತಿದ್ದ ಕೊನೆಯ ಹೆಂಗಸು, ಬೋವಾ ಹಿರಿಯಳು, ೨೦೧೦ರ ಜನವರಿಯಲ್ಲಿ ಕಾಲವಾದಳು. ಮುದ್ರಿಸಿಕೊಂಡ ಆಕೆಯ ದನಿ ಇದೆ; ಆ ಭಾಷೆಯಲ್ಲಿ ಅದಕ್ಕೆ ಉತ್ತರ ಕೊಡುವವರು ಇಲ್ಲ. ನಮ್ಮ ಕೊರಗ ಭಾಷೆಯೂ ಅಳಿವಿನಂಚಿನ ನುಡಿಗಳ ಪಟ್ಟಿಯಲ್ಲಿದೆ. ಪಟ್ಟಿಯೆಂದೊಡನೆ ನನಗೆ ಕೇಶಿರಾಜನ ನೆನಪಾಗುತ್ತದೆ.

ಈಗ ನನ್ನ ತಪ್ಪಿನ ಮಾತು. ನನ್ನ ಅವ್ವ ರಾಗಿ ಬೀಸುತ್ತ ಪದ ಹೇಳುತ್ತಿದ್ದಳು. ೧೯೮೪ರ ಬೇಸಗೆಯಲ್ಲಿ, ಕೆಲಸಕ್ಕೆ ಸೇರಿದ ಹೊಸತರಲ್ಲಿ, ಒಂದು ಟೇಪ್ ರೆಕಾರ್ಡರನ್ನು ಎರವಲು ತಂದು ಅವಳ ಮುಂದಿಟ್ಟೆ. ಅರ್ಧ ಗಂಟೆ ಅವಳು ಹಾಡಿದಳು. ಕಲ್ಲು ಅವಳೊಡನೆ ಹಾಡಿತು. ಆಮೇಲೆ ಪದಗಳನ್ನೆಲ್ಲ ಕೇಳಿ ಕೇಳಿ ನೋಟುಪುಸ್ತಕಕ್ಕೆ ಇಳಿಸಿಕೊಂಡೆ. ಎರಡು ವರ್ಷ ಕಳೆದ ಮೇಲೆ ನಮ್ಮೂರಿಗೆ ಹಿರಿಯ ಸಾಹಿತಿಯೊಬ್ಬರು ಬಂದರು. ಅವರ ಭಾಷಣ ಮುದ್ರಿಸಿಕೊಳ್ಳಲು ಬೇರೆ ಕ್ಯಾಸೆಟ್ಟು ಇರಲಿಲ್ಲ. ಅವ್ವನ ಪದಗಳು ಹೇಗೂ ಬರಹದಲ್ಲಿವೆಯಲ್ಲ, ಇನ್ನು ಕ್ಯಾಸೆಟ್ಟು ಏಕೆ ಎಂದುಕೊಂಡು ಅದರ ಮೇಲೆಯೇ ಭಾಷಣವನ್ನು ಮುದ್ರಿಸಿದೆ. ಆ ಭಾಷಣ ಮುಂದೆ ಪುಸ್ತಕವಾಗಿ ಬಂತು. ಗ್ರಂಥಾಲಯದಲ್ಲಿ ಯಾರಿಗೆ ಬೇಕಾದರೂ ದೊರೆಯುತ್ತದೆ. ಅವ್ವನ ಪದಗಳೂ ಅಷ್ಟೆ, ಅಲ್ಪಸ್ವಲ್ಪ ವ್ಯತ್ಯಾಸದಿಂದ ಜಾನಪದ ಸಂಗ್ರಹಗಳಲ್ಲಿ ಸಿಗುತ್ತವೆ. ಆದರೆ ಮೂರನೆಯ ಸಾಲಿನಲ್ಲಿ ಉಸಿರು ಕಟ್ಟಿದಾಗ ಅವಳು ಕಲ್ಲನ್ನು ಒಂದು ಸುತ್ತು ಬರಿದೇ ತಿರುಗಿಸಿ, ಅದರ ಗುಡುಗಿನಲ್ಲಿ ದಣಿವಾರಿಸಿಕೊಂಡು, ಮತ್ತೆ ಪದ ಎತ್ತುತ್ತಿದ್ದಳಲ್ಲ, ಅದು ನನ್ನ ನೋಟುಪುಸ್ತಕದಲ್ಲಿ ಇಲ್ಲ. ಅದನ್ನು ಬರೆಯುವುದಕ್ಕೆ ಅಕ್ಷರವೂ ಇಲ್ಲ.

ಭಾಷಣ ಟೇಪಿಗಿಂತ ತುಸು ಮುಂಚೆಯೇ ಮುಗಿದಿತ್ತು. ಆದುದರಿಂದ ಕೊನೆಯಲ್ಲಿ ಏಳೆಂಟು ಸೆಕೆಂಡುಗಳಷ್ಟು ಅವ್ವ ಉಳಿದುಕೊಂಡಿದ್ದಾಳೆ. ಅದು ಹಾಡಲ್ಲ. "ಸಾಕೇನ್ಲಾ ಮಗ? ನಿಲ್ಸು, ಒಲೆ ಮೇಲೆ ಎಸರು ಕುದೀತಾ ಅದೆ" ಎಂಬ ಮಾತು, ಮೊರವನ್ನು ನೆಲಕ್ಕೆ ಕುಟ್ಟಿದ ಒಂದು ಸದ್ದು, ಅಷ್ಟೆ. ಅವಳು ತೀರಿಕೊಂಡು ಇಪ್ಪತ್ತೆರಡು ವರ್ಷವಾಯಿತು. ವೈದ್ಯರನ್ನು ಕಂಡು ಬಂದ ಸಂಜೆ ಆ ಕ್ಯಾಸೆಟ್ಟನ್ನು ಹುಡುಕಿ ತೆಗೆದೆ. ಮೊಮ್ಮಗ ಎಲ್ಲಿಂದಲೋ ಒಂದು ಹಳೆಯ ಯಂತ್ರವನ್ನು ತಂದು ಹಾಕಿದ. ಅವ್ವನದು ಹರಿತವಾದ ಮೇಲುದನಿ. ನನಗೆ ಕೇಳಿಸಿದ್ದು ದೂರದಲ್ಲಿ ಯಾರೋ ಗೊಣಗಿದಂಥ ಸದ್ದು ಮಾತ್ರ. ಉಳಿದುದನ್ನು ನೆನಪು ತುಂಬಿಕೊಟ್ಟಿತು. "ತಾತ, ಮುತ್ತಜ್ಜಿ ಸಾಕಾ ಅಂತ ಕೇಳ್ತಿದ್ದಾರೆ" ಎಂದು ಹುಡುಗ ನನಗೆ ತಿಳಿಸಿದ. ಅವಳನ್ನು ಎಂದೂ ಕಂಡವನಲ್ಲ ಅವನು.

ಮರುದಿನವೇ ಹೋಗಿ ಶ್ರವಣಯಂತ್ರಕ್ಕೆ ಅಳತೆ ಕೊಟ್ಟು ಬಂದೆ. ಮೊಮ್ಮಗ ಆ ಏಳೆಂಟು ಸೆಕೆಂಡುಗಳನ್ನು ತನ್ನ ಮೊಬೈಲಿಗೂ ಗಣಕಯಂತ್ರಕ್ಕೂ ಇಳಿಸಿ, ಇನ್ನು ಅಳಿಸಿಹೋಗುವ ಭಯವಿಲ್ಲವೆಂದು ಹೇಳಿದ್ದಾನೆ. ಅವ್ವನ ಕಾಲದಲ್ಲಿ ನಮ್ಮ ಊರಿನಲ್ಲಿ ಒಂದು ಟೇಪ್ ರೆಕಾರ್ಡರೂ ಇರಲಿಲ್ಲ. ಈಗ ಊರಿನಲ್ಲಿ ಹೆಚ್ಚುಕಡಿಮೆ ಪ್ರತಿ ಮನೆಯಲ್ಲೂ ಧ್ವನಿಮುದ್ರಣದ ಯಂತ್ರ ಮೊಬೈಲಿನ ರೂಪದಲ್ಲಿ ಕುಳಿತಿದೆ. ಅದರ ಮುಂದೆ ಹಿರಿಯರನ್ನು ಕೂರಿಸಿ, ಅವರು ಏನನ್ನಾದರೂ ಹೇಳಲಿ, ಸುಮ್ಮನೆ ಕೇಳುವವರು ಬೇಕಾಗಿದ್ದಾರೆ.

ಆದುದರಿಂದ ನನ್ನ ವಿಶ್ವವಿದ್ಯಾನಿಲಯಕ್ಕೆ ಪ್ರವೇಶಪರೀಕ್ಷೆಯನ್ನು ಹೀಗೆ ಗೊತ್ತುಮಾಡಿದ್ದೇನೆ. ಅಭ್ಯರ್ಥಿಯು ತನ್ನ ಮನೆಯ ಜಗುಲಿಯಲ್ಲಿ ಒಂದು ಗಂಟೆ ಮಾತಿಲ್ಲದೆ ಕುಳಿತು, ಕೇಳಿಸಿದ್ದೆಲ್ಲವನ್ನೂ ಬರೆದು ತರಬೇಕು. ಆಮೇಲೆ ಮನೆಯ ಅತ್ಯಂತ ಹಿರಿಯರ ದನಿಯನ್ನು ಹತ್ತು ನಿಮಿಷ ಮುದ್ರಿಸಿ ತರಬೇಕು. ವಯಸ್ಸಿನ ಮಿತಿಯಿಲ್ಲ, ಶುಲ್ಕವಿಲ್ಲ. ಮೊದಲ ಅರ್ಜಿ ನನ್ನದೇ. ಯಂತ್ರ ಬರುವುದಕ್ಕೆ ಇನ್ನು ಹತ್ತು ದಿನವಿದೆಯಂತೆ. ಅದು ಬಂದ ದಿನ ಮೊದಲು ಕೇಳಬೇಕಾದುದು ಯಾವುದೆಂದು ಗೊತ್ತುಮಾಡಿಕೊಂಡಿದ್ದೇನೆ. ಅದಾದ ಮೇಲೆ ಕುಕ್ಕರು ಕೂಗಲಿ.